ಕತ್ತರಿ ಹಿಡಿದವನ ಕೂಲಿ

ಉರ್ದು ಶಾಲೆಯಲ್ಲಿ ಲೆಕ್ಕ ಕಲಿತವರಿಗೆ ಕೂಡುವುದು 'ಜಮಾ', ಕಳೆಯುವುದು 'ತಫ್ರೀಖ್'. ಕನ್ನಡ ಶಾಲೆಯಲ್ಲಿ ಅದೇ ಸಂಕಲನ ಮತ್ತು ವ್ಯವಕಲನ. ಸಿನಿಮಾದವರು ಎಡಿಟರ್‌ಗೆ ಸಂಕಲನಕಾರ ಎಂದು ಹೆಸರಿಟ್ಟಿದ್ದಾರೆ. ಆದರೆ ಸಾಕ್ಷ್ಯಚಿತ್ರದ ಎಡಿಟರ್ ದಿನವಿಡೀ ಮಾಡುವುದು ವ್ಯವಕಲನವನ್ನೇ. ನೂರು ಗಂಟೆ ಚಿತ್ರೀಕರಿಸಿ ತಂದು ಅವನ ಮುಂದೆ ಸುರಿಯುತ್ತಾರೆ. ಅದರಲ್ಲಿ ತೊಂಬತ್ತೊಂಬತ್ತು ಗಂಟೆಯನ್ನು ಕಳೆದು ಒಂದು ಗಂಟೆಯನ್ನು ಉಳಿಸಿಕೊಡಬೇಕು. 'ತಫ್ರೀಖ್' ಎಂಬ ಮಾತಿಗೆ ಉರ್ದುವಿನಲ್ಲಿ ಇನ್ನೊಂದು ಅರ್ಥವೂ ಇದೆ: ಭೇದ ಮಾಡುವುದು. ಯಾರ ಮುಖ ಇರಬೇಕು, ಯಾರದು ಹೋಗಬೇಕು, ಯಾರ ಮಾತು ಪೂರ್ತಿ ಕೇಳಬೇಕು, ಯಾರದನ್ನು ಅರ್ಧಕ್ಕೆ ನಿಲ್ಲಿಸಬೇಕು ಎಂದು ಕತ್ತಲೆ ಕೋಣೆಯಲ್ಲಿ ಕೂತು ತೀರ್ಮಾನಿಸುವ ಈ ಮನುಷ್ಯ ನ್ಯಾಯಾಧೀಶನಿಗಿಂತ ಕಡಿಮೆಯವನಲ್ಲ. ಆದರೆ ನಾವು ಅವನಿಗೆ ಕೊಡುವ ಸ್ಥಾನ ಮದುವೆ ಮನೆಯಲ್ಲಿ ಪಾತ್ರೆ ತೊಳೆಯುವವನದು. ಊಟ ಮುಗಿದ ಮೇಲೆ ಅವನ ನೆನಪಾಗುತ್ತದೆ. ಉಳಿದಿದ್ದರೆ ಅವನಿಗೂ ಒಂದು ತಟ್ಟೆ.

ಈ ಲೇಖನದಲ್ಲಿ ನಾನು ಸರ್ಕಾರವನ್ನು ಮಾತ್ರ ಬೈಯಲು ಹೊರಟಿಲ್ಲ. ಸರ್ಕಾರವನ್ನು ಬೈಯುವುದು ಸುಲಭ, ಅದಕ್ಕೆ ಕಿವಿಯಿಲ್ಲ. ಕಿವಿಯಿರುವ ನಮ್ಮವರೊಡನೆಯೇ ಜಗಳವಾಡಬೇಕಾಗಿದೆ. ಚಳವಳಿ ಮಾಡುವವರು, ಸಂಘ ಸಂಸ್ಥೆ ನಡೆಸುವವರು, ಜಮಾಅತ್ ಕಮಿಟಿಗಳ ಹಿರಿಯರು, ಸಾಹಿತ್ಯ ವೇದಿಕೆಯ ಗೆಳೆಯರು, ಎಲ್ಲರೂ ಈ ಅನ್ಯಾಯದಲ್ಲಿ ಪಾಲುದಾರರು.

ಕಾಗದನಗರದ ಹುಡುಗ

ಭದ್ರಾವತಿಯ ಕಾಗದನಗರವನ್ನು ನೋಡದವರಿಗಾಗಿ ಎರಡು ಮಾತು. 1936ರಲ್ಲಿ ಮೈಸೂರು ಸಂಸ್ಥಾನದ ಕಾಲದಲ್ಲಿ ಸ್ಥಾಪನೆಯಾದ ಮೈಸೂರು ಕಾಗದ ಕಾರ್ಖಾನೆ 1977ರಲ್ಲಿ ಸರ್ಕಾರಿ ಕಂಪನಿಯಾಯಿತು. ಎಂಬತ್ತರ ದಶಕದಿಂದ ಅದು ಪತ್ರಿಕೆಗಳಿಗೆ ಬೇಕಾದ ನ್ಯೂಸ್‌ಪ್ರಿಂಟ್ ಕಾಗದವನ್ನೂ ತಯಾರಿಸಿತು. ಕಾರ್ಖಾನೆಯ ಸುತ್ತ ಒಂದು ಊರೇ ಬೆಳೆಯಿತು. ಕ್ವಾರ್ಟರ್ಸು, ಶಾಲೆ, ಆಸ್ಪತ್ರೆ, ಆಟದ ಮೈದಾನ. 2015ರ ಕೊನೆಗೆ ಉತ್ಪಾದನೆ ನಿಂತಿತು. ಕೆಲಸಗಾರರು ಸ್ವಯಂ ನಿವೃತ್ತಿಯ ಹಣ ಪಡೆದು ಚದುರಿಹೋದರು. ಮನೆಗಳ ಬಾಗಿಲುಗಳಿಗೆ ಬೀಗ ಬಿತ್ತು, ಅಂಗಳದಲ್ಲಿ ಗಿಡಗಂಟಿ ಎದ್ದಿತು.

ಆ ಊರಿನಲ್ಲಿ ಬೆಳೆದ ಹುಡುಗರಲ್ಲಿ ಕೆಲವರು ವಿಡಿಯೋ ಅಂಗಡಿ ಇಟ್ಟರು. ಮದುವೆ, ನಿಕಾಹ್, ಗೃಹಪ್ರವೇಶ, ಸೀಮಂತಗಳನ್ನು ಚಿತ್ರೀಕರಿಸುವುದು, ರಾತ್ರಿಯಿಡೀ ಕೂತು ಎಡಿಟ್ ಮಾಡುವುದು. ಇವರಲ್ಲಿ ಒಬ್ಬನನ್ನು ನಾನು ಬಲ್ಲೆ. ಅವನ ತಂದೆ ಕಾರ್ಖಾನೆಯಲ್ಲಿದ್ದವರು. ಮದುವೆ ಸಿ.ಡಿ.ಗಳಲ್ಲಿ ಹೂವು ಉದುರಿಸಿ, ಹೃದಯದ ಆಕಾರ ತೇಲಿಸಿ ಬೇಸತ್ತ ಈ ಹುಡುಗ ಒಂದು ಸಂಸ್ಥೆಯವರು ಕರೆದರೆಂದು ಕಾರ್ಮಿಕರ ಬದುಕಿನ ಮೇಲಿನ ಸಾಕ್ಷ್ಯಚಿತ್ರವೊಂದನ್ನು ಎಡಿಟ್ ಮಾಡಿಕೊಟ್ಟ. ಮೂರು ತಿಂಗಳ ಕೆಲಸ. ಬಂದ ಹಣ ಎರಡು ಮದುವೆ ಎಡಿಟ್ ಮಾಡಿದ್ದರೆ ಬರುತ್ತಿದ್ದಷ್ಟು. ಪ್ರದರ್ಶನದ ದಿನ ವೇದಿಕೆಯ ಮೇಲೆ ಏಳು ಜನರಿಗೆ ಹಾರ ಹಾಕಿದರು, ಇವನು ಕೊನೆಯ ಸಾಲಿನಲ್ಲಿ ನಿಂತಿದ್ದ. ಆಹ್ವಾನ ಪತ್ರಿಕೆಯಲ್ಲಿ ಶಾಮಿಯಾನದವರ ಹೆಸರಿತ್ತು, ಇವನದಿರಲಿಲ್ಲ. ಕೇಳಿದ್ದಕ್ಕೆ ಸಂಸ್ಥೆಯವರು ಹೇಳಿದ ಮಾತು: "ಇದು ಚಳವಳಿಯ ಕೆಲಸ ಕಣಪ್ಪ, ಇಲ್ಲಿ ಹೆಸರು, ದುಡ್ಡು ನೋಡಬಾರದು."

ಚಳವಳಿಯ ಕೆಲಸಕ್ಕೆ ಕ್ಯಾಮೆರಾ ಬಾಡಿಗೆ ಕೊಟ್ಟವನು ದುಡ್ಡು ನೋಡಿದ. ಕಾರಿನವನು ನೋಡಿದ. ಊಟದವನು ನೋಡಿದ. ಸಭಾಂಗಣದವರು ಮುಂಗಡವಾಗಿಯೇ ನೋಡಿದರು. ದುಡ್ಡು ನೋಡಬಾರದವನು ಎಡಿಟರ್ ಒಬ್ಬನೇ. ನಮ್ಮ ಸಮುದಾಯದ ಸಂಸ್ಥೆಗಳಲ್ಲಿ ಇದೇ ಮಾತು ಬೇರೆ ಭಾಷೆಯಲ್ಲಿ ಬರುತ್ತದೆ: "ಸವಾಬ್ ಸಿಗುತ್ತೆ ಬೇಟಾ." ಸವಾಬ್ ಸಿಗಲಿ, ಬೇಡವೆನ್ನುವವರು ಯಾರು? ಆದರೆ ಶಾದಿಮಹಲ್‌ಗೆ ಗ್ರಾನೈಟ್ ಹಾಕಿಸುವಾಗ ಗ್ರಾನೈಟ್ ಅಂಗಡಿಯವನಿಗೆ ಬರೀ ಸವಾಬ್ ಕೊಟ್ಟು ಕಳಿಸಿದ ಕಮಿಟಿ ಯಾವುದಾದರೂ ಇದೆಯೇ?

ಕತ್ತರಿಸುವುದು ಬೇರೆ, ಸಂಕಲನ ಬೇರೆ

ಈಗ ಒಂದು ಆಕ್ಷೇಪ ಬರುತ್ತದೆ. "ಇವತ್ತು ಮೊಬೈಲಿನಲ್ಲಿ ಎಂಟು ವರ್ಷದ ಮಗುವೂ ಎಡಿಟ್ ಮಾಡುತ್ತದೆ. ಯಂತ್ರವೇ ತಾನಾಗಿ ಕತ್ತರಿಸಿ ಜೋಡಿಸಿ ಕೊಡುತ್ತದೆ. ಇದಕ್ಕೇನು ಅಷ್ಟೊಂದು ಗೌರವ?" ಈ ಪ್ರಶ್ನೆಗೆ ಉತ್ತರ ಕೊಡಲೇಬೇಕು, ಏಕೆಂದರೆ ಇದನ್ನು ಕೇಳುವವರು ಕೆಟ್ಟವರಲ್ಲ, ಗೊತ್ತಿಲ್ಲದವರು.

ಫಿಲ್ಮ್ ಕಾಲದಲ್ಲಿ 16 ಮಿ.ಮೀ. ಕ್ಯಾಮೆರಾದ 400 ಅಡಿ ರೀಲು ಸುಮಾರು 11 ನಿಮಿಷಕ್ಕೆ ಮುಗಿಯುತ್ತಿತ್ತು. ಫಿಲ್ಮ್ ದುಬಾರಿ. ಹೀಗಾಗಿ ತೆಗೆಯುವವರೇ ಯೋಚಿಸಿ ತೆಗೆಯುತ್ತಿದ್ದರು. ಸಂಕಲನಕಾರ ಟೇಬಲ್ ಮುಂದೆ ಕೂತು ಕೈಯಾರೆ ಫಿಲ್ಮ್ ಕತ್ತರಿಸಿ ಅಂಟಿಸುತ್ತಿದ್ದ. ತೊಂಬತ್ತರ ದಶಕದಲ್ಲಿ ಕಂಪ್ಯೂಟರ್ ಸಂಕಲನ ಹರಡಿತು. 1999ರಲ್ಲಿ ಫೈನಲ್ ಕಟ್ ಪ್ರೊ ಬಂದ ಮೇಲೆ ಮನೆಯಲ್ಲೇ ಕೂತು ಎಡಿಟ್ ಮಾಡುವ ಅವಕಾಶ ಸಣ್ಣವರಿಗೂ ಸಿಕ್ಕಿತು. ಇದು ಒಳ್ಳೆಯದೇ. ಆದರೆ ಅದೇ ಹೊತ್ತಿಗೆ ಕ್ಯಾಮೆರಾ ನಿಲ್ಲಿಸುವ ಅಗತ್ಯವೂ ಇಲ್ಲವಾಯಿತು. ಯೋಚನೆಯ ಭಾರವೆಲ್ಲ ಕ್ಯಾಮೆರಾದಿಂದ ಇಳಿದು ಎಡಿಟರ್ ತಲೆಯ ಮೇಲೆ ಕೂತಿತು.

ಲೆಕ್ಕ ಹಾಕಿ ನೋಡಿ. ನೂರು ಗಂಟೆಯ ದೃಶ್ಯವನ್ನು ದಿನಕ್ಕೆ ಎಂಟು ಗಂಟೆಯಂತೆ ಒಂದು ಸಲ ಬರೀ ನೋಡಿ ಮುಗಿಸುವುದಕ್ಕೇ ಹನ್ನೆರಡೂವರೆ ದಿನ ಬೇಕು. ನೋಡುತ್ತ ಟಿಪ್ಪಣಿ ಮಾಡಬೇಕು. ಯಾರು ಏನು ಹೇಳಿದರೆಂದು ಬರೆದಿಡಬೇಕು. ಆಮೇಲೆ ತಾನೇ ಮೊದಲ ಕತ್ತರಿ? ಕಥಾಚಿತ್ರಕ್ಕೆ ಮೊದಲೇ ಬರೆದ ಚಿತ್ರಕಥೆ ಇರುತ್ತದೆ. ಸಾಕ್ಷ್ಯಚಿತ್ರಕ್ಕೆ ಬಹಳ ಸಲ ಅದೂ ಇರುವುದಿಲ್ಲ. ಕಥೆ ಹುಟ್ಟುವುದೇ ಎಡಿಟಿಂಗ್ ಕೋಣೆಯಲ್ಲಿ. ಹಾಗಾದರೆ ಅವನು ಬರೀ ತಂತ್ರಜ್ಞನೋ, ಲೇಖಕನೋ? ಕಥೆ ಬರೆಯುವ ನನ್ನಂಥವನಿಗೆ ಉತ್ತರ ಸ್ಪಷ್ಟವಾಗಿದೆ. ನಾನು ಹಾಳೆಯ ಮೇಲೆ ಯಾವ ವಾಕ್ಯ ಹೊಡೆದುಹಾಕಲಿ ಎಂದು ಒದ್ದಾಡುವಂತೆ ಅವನು ಯಾವ ಮನುಷ್ಯನ ಕಣ್ಣೀರನ್ನು ಬಿಡಲಿ ಎಂದು ಒದ್ದಾಡುತ್ತಾನೆ. ನಾನು ಹೊಡೆದುಹಾಕುವುದು ನನ್ನ ವಾಕ್ಯ. ಅವನು ಬಿಡುವುದು ಬದುಕಿರುವ ಒಬ್ಬರ ಮಾತು.

ಕಾಗದನಗರದ ಉದಾಹರಣೆಯನ್ನೇ ನೋಡೋಣ. ಕೆಲಸ ಕಳೆದುಕೊಂಡ ಕಾರ್ಮಿಕನ ಅಳಲು ನಿಜ. ಕಾರ್ಖಾನೆಯನ್ನು ಮತ್ತೆ ತೆರೆಯಿರಿ ಎಂಬ ಅವನ ಬೇಡಿಕೆ ನ್ಯಾಯದ್ದು. ಆದರೆ ಅದೇ ಕಾರ್ಖಾನೆಗಾಗಿ ಮಲೆನಾಡಿನ ಕಾಡುಗುಡ್ಡಗಳಲ್ಲಿ ನೀಲಗಿರಿ, ಅಕೇಶಿಯಾ ನೆಡಲಾಯಿತು. ಕಾರ್ಖಾನೆ ನಿಂತ ಮೇಲೂ 2020ರಲ್ಲಿ ಸುಮಾರು 20 ಸಾವಿರ ಹೆಕ್ಟೇರ್ ನೆಡುತೋಪಿನ ಗುತ್ತಿಗೆಯನ್ನು 40 ವರ್ಷಕ್ಕೆ ಮುಂದುವರಿಸಿದಾಗ ಶಿವಮೊಗ್ಗ ಜಿಲ್ಲೆಯಲ್ಲಿ 'ನಮ್ಮೂರಿಗೆ ಅಕೇಶಿಯಾ ಮರ ಬೇಡ' ಎಂಬ ಚಳವಳಿಯೇ ಎದ್ದಿತು. ಹಳ್ಳಿಗನ ಸಿಟ್ಟೂ ನಿಜ. ಈ ಎರಡು ನಿಜಗಳನ್ನು ಒಂದೇ ಚಿತ್ರದಲ್ಲಿ ಇಡುವುದು ಹೇಗೆ? ಕಾರ್ಮಿಕನ ಮುಖದ ಬೆನ್ನಿಗೇ ಬೋಳು ಗುಡ್ಡ ತೋರಿಸಿದರೆ ಕಾರ್ಮಿಕ ಅಪರಾಧಿಯಾಗುತ್ತಾನೆ. ಹಳ್ಳಿಗನ ಮಾತಿನ ಬೆನ್ನಿಗೇ ಬೀಗ ಹಾಕಿದ ಕ್ವಾರ್ಟರ್ಸ್ ತೋರಿಸಿದರೆ ಹಳ್ಳಿಗ ನಿರ್ದಯಿಯಾಗುತ್ತಾನೆ. ಇಬ್ಬರಿಗೂ ಮೋಸವಾಗದಂತೆ ಜೋಡಿಸಲು ಒಂದು ವಾರ ಬೇಕೋ, ಒಂದು ತಿಂಗಳು ಬೇಕೋ? ಯಂತ್ರಕ್ಕೆ ಇದನ್ನು ಒಪ್ಪಿಸಿದರೆ ಅದು ಕ್ಷಣದಲ್ಲಿ ಜೋಡಿಸಿ ಕೊಡುತ್ತದೆ. ನಾಳೆ ಕಾರ್ಮಿಕನೋ ಹಳ್ಳಿಗನೋ ಬಂದು ಕೇಳಿದಾಗ ಉತ್ತರ ಕೊಡಬೇಕಾದವರು ಯಾರು?

ಅರ್ಧ ನಿಮಿಷದ ಸುಳ್ಳುಗಳು

ಇದು ಕಲೆಯ ಸೂಕ್ಷ್ಮದ ಮಾತು ಮಾತ್ರವಲ್ಲ. ನಮ್ಮ ನಾಡಿನಲ್ಲಿ ಇದು ಜೀವ ಮಾನಗಳ ಪ್ರಶ್ನೆ.

2019ರ ಡಿಸೆಂಬರ್ 19ರಂದು ಮಂಗಳೂರಿನಲ್ಲಿ ಪೊಲೀಸರ ಗುಂಡಿಗೆ ಇಬ್ಬರು ಬಲಿಯಾದರು. ಕೆಲವೇ ದಿನಗಳಲ್ಲಿ ಪೊಲೀಸರು ಆಯ್ದ ಕೆಲವು ವಿಡಿಯೋ ತುಣುಕುಗಳನ್ನು ಬಿಡುಗಡೆ ಮಾಡಿದರು. ಅವನ್ನು ನೋಡಿದವರಿಗೆ ಕಂಡದ್ದು ಕಲ್ಲು ತುಂಬಿದ ವಾಹನ, ಮುಖ ಮುಚ್ಚಿಕೊಂಡ ಯುವಕರು. 2020ರ ಜನವರಿಯಲ್ಲಿ ಮಾಜಿ ಮುಖ್ಯಮಂತ್ರಿ ಎಚ್.ಡಿ. ಕುಮಾರಸ್ವಾಮಿ ಬೇರೆ ತುಣುಕುಗಳ ಸಂಗ್ರಹವೊಂದನ್ನು ಬಿಡುಗಡೆ ಮಾಡಿದರು. ಅದರಲ್ಲಿ ಕಂಡದ್ದು ಬೇರೆಯೇ ಕಥೆ. ಒಂದೇ ಊರು, ಒಂದೇ ದಿನ, ಎರಡು ಸಂಕಲನ. ಪೊಲೀಸರೂ ಎಡಿಟರ್, ರಾಜಕಾರಣಿಯೂ ಎಡಿಟರ್. ಎರಡಕ್ಕೂ ಸಂಬಂಧಪಡದೆ, ಎಲ್ಲ ತುಣುಕುಗಳನ್ನೂ ಮುಂದಿಟ್ಟುಕೊಂಡು, ಗಡಿಯಾರದ ಸಮಯ ಹೊಂದಿಸಿ, ಮೊದಲು ಏನಾಯಿತು, ಆಮೇಲೆ ಏನಾಯಿತು ಎಂದು ತಿಂಗಳುಗಟ್ಟಲೆ ಕೂತು ನೋಡುವ ಸ್ವತಂತ್ರ ಮನುಷ್ಯನೊಬ್ಬ ಬೇಕಿತ್ತು. ಅಂಥವನನ್ನು ಸಾಕುವ ವ್ಯವಸ್ಥೆ ನಮ್ಮಲ್ಲಿ ಎಲ್ಲಿದೆ?

ಶಿವಮೊಗ್ಗದ್ದೇ ಇನ್ನೊಂದು ಸಂಗತಿ. 2022ರ ಫೆಬ್ರವರಿ 8ರಂದು, ಹಿಜಾಬ್ ಗಲಾಟೆಯ ದಿನಗಳಲ್ಲಿ, ಇಲ್ಲಿನ ಕಾಲೇಜಿನ ಕಂಬವೊಂದಕ್ಕೆ ಹುಡುಗನೊಬ್ಬ ಕೇಸರಿ ಧ್ವಜ ಏರಿಸುವ ದೃಶ್ಯ ದೇಶವೆಲ್ಲ ಸುತ್ತಿತು. ರಾಷ್ಟ್ರಧ್ವಜ ಇಳಿಸಿ ಕೇಸರಿ ಏರಿಸಿದರು ಎಂಬ ಮಾತು ದೃಶ್ಯಕ್ಕಿಂತ ವೇಗವಾಗಿ ಓಡಿತು. ಆಗ ಆ ಕಂಬದಲ್ಲಿ ರಾಷ್ಟ್ರಧ್ವಜ ಇರಲಿಲ್ಲವೆಂದು ಪೊಲೀಸರು ಸ್ಪಷ್ಟಪಡಿಸಿದರು. ಕಾಲೇಜಿನೊಳಗೆ ಆ ಧ್ವಜ ಏರಿಸಿದ್ದು ತಪ್ಪಲ್ಲವೆಂದು ನಾನು ಹೇಳುತ್ತಿಲ್ಲ. ಇದ್ದ ತಪ್ಪಿಗೆ ಇಲ್ಲದ ತಪ್ಪನ್ನು ಕೂಡಿಸಿದರೆ ಇದ್ದ ತಪ್ಪೂ ಹಗುರಾಗುತ್ತದೆ ಎನ್ನುತ್ತಿದ್ದೇನೆ. ಅರ್ಧ ನಿಮಿಷದ ತುಣುಕು ಅವರ ಕೈಯಲ್ಲೂ ಸುಳ್ಳು ಹೇಳುತ್ತದೆ, ನಮ್ಮ ಕೈಯಲ್ಲೂ ಸುಳ್ಳು ಹೇಳುತ್ತದೆ. ಅದರ ಹಿಂದೆ ಏನಿತ್ತು, ಮುಂದೆ ಏನಾಯಿತು ಎಂದು ಕೇಳುವುದೇ ಸಾಕ್ಷ್ಯಚಿತ್ರದ ಸಂಕಲನಕಾರನ ಕಸುಬು. ಟಿ.ವಿ. ಚಾನೆಲ್ಲಿನ ಎಡಿಟರ್‌ಗೂ ಆ ಕಸುಬು ಗೊತ್ತು. ಆದರೆ ಅವನು ಸಂಬಳದವನು, ಹತ್ತು ನಿಮಿಷದಲ್ಲಿ ಮುಗಿಸಿಕೊಡಬೇಕು, ಅದೇ ದೃಶ್ಯವನ್ನು ನಲವತ್ತು ಸಲ ತಿರುಗಿಸಬೇಕು. ಸ್ವತಂತ್ರ ಎಂಬ ಮಾತಿಗೆ ಬೆಲೆ ಬರುವುದು ಇಲ್ಲಿ.

ಟಿ.ವಿ. ಚಾನೆಲ್‌ಗಳು ಮುಸಲ್ಮಾನರನ್ನು ಕೆಟ್ಟದಾಗಿ ತೋರಿಸುತ್ತವೆ ಎಂದು ನಮ್ಮ ಎಲ್ಲ ಸಭೆಗಳಲ್ಲೂ ಭಾಷಣ ಕೇಳುತ್ತೇವೆ. ನಿಜ. ಹಾಗಾದರೆ ನಮ್ಮದೇ ಮನೆಯ ಹುಡುಗ ಹುಡುಗಿಯರಲ್ಲಿ ಎಷ್ಟು ಜನರನ್ನು ಪುಣೆಯ ಫಿಲ್ಮ್ ಸಂಸ್ಥೆಗೋ ಕೋಲ್ಕತ್ತದ ಸತ್ಯಜಿತ್ ರೇ ಸಂಸ್ಥೆಗೋ ಸಂಕಲನ ಕಲಿಯಲು ಕಳಿಸಿದ್ದೇವೆ? ಇಂಜಿನಿಯರಿಂಗ್‌ಗೆ ವಿದ್ಯಾರ್ಥಿವೇತನ ಕೊಡುವ ಟ್ರಸ್ಟುಗಳು ಇದಕ್ಕೆ ಕೊಡುತ್ತವೆಯೇ? ದೂರು ಹೇಳುವ ಉತ್ಸಾಹದಲ್ಲಿ ನಾಲ್ಕಾಣೆಯಷ್ಟನ್ನು ಕಲಿಸುವುದಕ್ಕೆ ಖರ್ಚು ಮಾಡಿದ್ದರೆ ಇವತ್ತು ಈ ಜಿಲ್ಲೆಯಲ್ಲೇ ಹತ್ತು ಜನ ಇರುತ್ತಿದ್ದರು.

ಕಣ್ಣಿಗೆ ಬೀಳದವರು

ಕನ್ನಡಿಗ ಸಂಕಲನಕಾರರು ಇಲ್ಲವೆಂದಲ್ಲ. ಮುಂಬೈ ಗಲಭೆಗಳ ಹಿನ್ನೆಲೆಯ ಮಣಿರತ್ನಂ ಚಿತ್ರ 'ಬಾಂಬೆ' ಬಂದದ್ದು 1995ರಲ್ಲಿ. ಅದರ ಸಂಕಲನಕ್ಕೆ ರಾಷ್ಟ್ರಪ್ರಶಸ್ತಿ ಪಡೆದವರು ನಮ್ಮ ಸುರೇಶ್ ಅರಸ್. ಆ ಚಿತ್ರದ ಹಾಡುಗಳನ್ನು ಇಂದಿಗೂ ಗುನುಗುವವರಲ್ಲಿ ಎಷ್ಟು ಜನರಿಗೆ ಈ ಹೆಸರು ಗೊತ್ತು? ಕಥಾಚಿತ್ರದ ಪಾಡೇ ಹೀಗಾದರೆ ಸಾಕ್ಷ್ಯಚಿತ್ರದ್ದು ಕೇಳಬೇಕೇ? ಸಾಕ್ಷ್ಯಚಿತ್ರಗಳ ಸಂಕಲನದಲ್ಲಿ ವರ್ಷಗಟ್ಟಲೆ ದುಡಿದ ಜಬೀನ್ ಮರ್ಚಂಟ್ ಅವರ ಹೆಸರು ಹೊರಗಿನವರಿಗೆ ಕೇಳಿಬರುವುದು 2015ರ ಹಿಂದಿ ಕಥಾಚಿತ್ರ 'ಎನ್‌ಎಚ್ 10'ರ ನೆಪದಲ್ಲಿ. ಪುಣೆಯಲ್ಲಿ ಸಂಕಲನ ಕಲಿತ ರೀನಾ ಮೋಹನ್ ಬೇರೆಯವರ ಚಿತ್ರಗಳನ್ನು ಜೋಡಿಸುತ್ತಲೇ, ಭಾರತೀಯ ಸಿನಿಮಾದ ಮೊದಲ ನಟಿಯರಲ್ಲೊಬ್ಬರಾದ ಕಮಲಾಬಾಯಿ ಗೋಖಲೆಯವರ ಮೇಲೆ 'ಕಮಲಾಬಾಯಿ' ಎಂಬ ಚಿತ್ರ ಮಾಡಿದರು. ಜನ ಗುರುತಿಸುವುದು ನಿರ್ದೇಶಕಿಯೆಂದು. ಸಂಕಲನಕಾರರು ಕಣ್ಣಿಗೆ ಬೀಳಬೇಕಾದರೆ ಸಂಕಲನ ಬಿಟ್ಟು ಇನ್ನೇನಾದರೂ ಮಾಡಬೇಕು ಎಂಬುದು ಈ ಕ್ಷೇತ್ರದ ವಿಚಿತ್ರ ನಿಯಮ.

ನಿರ್ದೇಶಕರು ಒಗ್ಗಟ್ಟಾದದ್ದಿದೆ. 2004ರ ಮುಂಬೈ ಅಂತಾರಾಷ್ಟ್ರೀಯ ಚಿತ್ರೋತ್ಸವಕ್ಕೆ ಭಾರತೀಯ ಸಾಕ್ಷ್ಯಚಿತ್ರಗಳಿಗೆ ಸೆನ್ಸಾರ್ ಪ್ರಮಾಣಪತ್ರ ಬೇಕೆಂದು ಸರ್ಕಾರ ಹೇಳಿದಾಗ ದೇಶದ ಮೂಲೆಮೂಲೆಯ ಚಿತ್ರನಿರ್ಮಾತೃಗಳು ಎದ್ದು ನಿಂತರು. ಉತ್ಸವದ ಎದುರೇ 'ವಿಕಲ್ಪ್' ಎಂಬ ಪರ್ಯಾಯ ಉತ್ಸವ ನಡೆಸಿದರು. ಹೆಮ್ಮೆಯ ಸಂಗತಿ. ಆದರೆ ಸರ್ಕಾರದ ಕತ್ತರಿಯ ವಿರುದ್ಧ ಎದ್ದ ಆ ಧ್ವನಿ ತಮ್ಮ ಕತ್ತರಿ ಹಿಡಿದವನ ಕೂಲಿಯ ಪ್ರಶ್ನೆ ಬಂದಾಗ ಮೆತ್ತಗಾಗುತ್ತದೆ. ಮುಂಬೈ, ಚೆನ್ನೈಗಳಲ್ಲಿ ಸಂಕಲನಕಾರರ ಸಂಘಗಳಾದರೂ ಇವೆ. ಭದ್ರಾವತಿಯ ಹುಡುಗನಿಗೆ ಅವು ಚಂದ್ರಲೋಕದಷ್ಟು ದೂರ.

ಇನ್ನು ದೊಡ್ಡ ಚಿತ್ರಗಳ ಕಡೆ ನೋಡಿ. ಆಸ್ಕರ್‌ಗೆ ನಾಮನಿರ್ದೇಶನಗೊಂಡ 'ರೈಟಿಂಗ್ ವಿತ್ ಫೈರ್' (2021) ಉತ್ತರಪ್ರದೇಶದ ದಲಿತ ಪತ್ರಕರ್ತೆಯರ ಕಥೆ. ಅದರ ಸಂಕಲನದಲ್ಲಿ ನಿರ್ದೇಶಕರ ಜೊತೆಗಿದ್ದವರು ಜರ್ಮನಿಯ ಆನ್ ಫಾಬಿನಿ. 'ಆಲ್ ದಟ್ ಬ್ರೀದ್ಸ್' (2022) ದೆಹಲಿಯಲ್ಲಿ ಗಾಯಗೊಂಡ ಹದ್ದುಗಳನ್ನು ಉಳಿಸುವ ಇಬ್ಬರು ಮುಸ್ಲಿಂ ಸಹೋದರರ ಕಥೆ. ಅದರ ಮುಖ್ಯ ಸಂಕಲನಕಾರ್ತಿ ಡೆನ್ಮಾರ್ಕಿನ ಶಾರ್ಲೊಟ್ ಮುಂಕ್ ಬೆಂಗ್ಟ್ಸೆನ್. ಇವರು ನುರಿತವರು, ಕೆಲಸ ಅದ್ಭುತ, ಅದರಲ್ಲಿ ಎರಡು ಮಾತಿಲ್ಲ. ನನ್ನ ತಕರಾರು ಅವರ ಮೇಲಲ್ಲ. ಹಣ ಎಲ್ಲಿಂದ ಬರುತ್ತದೆಯೋ ಕೆಲಸವೂ ಅಲ್ಲಿಗೆ ಹೋಗುತ್ತದೆ. ನಮ್ಮಲ್ಲಿ 1948ರಿಂದ ಸಾಕ್ಷ್ಯಚಿತ್ರ ಮಾಡುತ್ತಿದ್ದ ಫಿಲ್ಮ್ಸ್ ಡಿವಿಷನ್ ಕೂಡ 2022ರಲ್ಲಿ ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮದಲ್ಲಿ ವಿಲೀನವಾಯಿತು. ಮನೆಯ ಒಲೆ ಆರಿದಾಗ ನೆರೆಮನೆಯ ಕೆಂಡಕ್ಕೆ ಕೈಯೊಡ್ಡಬೇಕಾಗುತ್ತದೆ.

ಉಳಿಸಿಕೊಳ್ಳುವ ವಿಷಯದಲ್ಲೂ ಇದೇ ಕಥೆ. ಬೆಂಗಳೂರಿನಲ್ಲಿ 1980ರಲ್ಲಿ ಹುಟ್ಟಿದ 'ಯುಗಾಂತರ್' ಎಂಬ ಮಹಿಳಾ ಚಿತ್ರ ಬಳಗದಲ್ಲಿ ದೀಪಾ ಧನರಾಜ್ ಮತ್ತು ಗೆಳತಿಯರಿದ್ದರು. ನಮ್ಮ ಬೆಳಗಾವಿ ಜಿಲ್ಲೆಯ ನಿಪ್ಪಾಣಿಯ ತಂಬಾಕು ಕಾರ್ಖಾನೆಗಳ ಹೆಂಗಸರ ಹೋರಾಟವನ್ನು ಅವರು 1982ರಲ್ಲೇ ಚಿತ್ರವಾಗಿಸಿದ್ದರು. ದಶಕಗಳ ನಂತರ ಆ ಚಿತ್ರವನ್ನು ಡಿಜಿಟಲ್ ರೂಪದಲ್ಲಿ ಉಳಿಸಿಕೊಡಲು ಬರ್ಲಿನ್ನಿನ ಆರ್ಸೆನಾಲ್ ಸಂಸ್ಥೆ ಮುಂದೆ ಬರಬೇಕಾಯಿತು. ನಿಪ್ಪಾಣಿಯ ಚರಿತ್ರೆಗೆ ಬರ್ಲಿನ್ ಆಸರೆಯಾಯಿತು. ಕಾಗದನಗರದ ಚರಿತ್ರೆಗೆ ಯಾವ ಊರು?

ಕಪಾಟುಗಳಲ್ಲಿರುವ ಊರು

ಒಂದು ವಿಷಯ ಗಮನಿಸಿ. ಕಾಗದನಗರ ಜೀವಂತವಾಗಿದ್ದ ಕಾಲದ ದೃಶ್ಯಗಳು ಇಂದಿಗೂ ಇವೆ. ಅವು ಇರುವುದು ಮದುವೆ ವಿಡಿಯೋಗಳಲ್ಲಿ. ಮದುಮಗನ ಮೆರವಣಿಗೆ ಸಾಗುವ ಬೀದಿಯಲ್ಲಿ ಆ ಕ್ವಾರ್ಟರ್ಸ್ ಇವೆ. ಚಪ್ಪರದ ಹಿಂದೆ ಚಿಮಣಿಯ ಹೊಗೆ ಇದೆ. ಊಟದ ಪಂಕ್ತಿಯಲ್ಲಿ ಶಿಫ್ಟ್ ಮುಗಿಸಿ ಬಂದ ಕೆಲಸಗಾರರು ಕೂತಿದ್ದಾರೆ, ನಿಕಾಹ್‌ಗೆ ಬಂದ ಹಿಂದೂ ಗೆಳೆಯರು, ಆರತಕ್ಷತೆಗೆ ಬಂದ ಸಾಬರು. ಆ ವಿ.ಎಚ್.ಎಸ್. ಕ್ಯಾಸೆಟ್ಟುಗಳು ಯಾರ್ಯಾರದೋ ಮನೆಯ ಕಪಾಟುಗಳಲ್ಲಿ ಬೂಷ್ಟು ಹಿಡಿಯುತ್ತಿವೆ. ಎಡಿಟ್ ಮಾಡುವಾಗ ಬಿಟ್ಟ ತುಣುಕುಗಳಂತೂ ಎಂದೋ ಅಳಿಸಿಹೋದವು, ಹೊಸ ಮದುವೆಗೆ ಅದೇ ಕ್ಯಾಸೆಟ್ಟು ಬೇಕಲ್ಲ? ಯಾವ ಪರಿಣತನೂ ಬೇಡವೆಂದು ಬಿಟ್ಟದ್ದನ್ನು ಚರಿತ್ರೆ ಬೇಕೆಂದು ಕೇಳುವ ಕಾಲ ಬರುತ್ತದೆ. ಈಗ ಬಂದಿದೆ. 2023ರ ಜನವರಿಯಲ್ಲಿ ಭದ್ರಾವತಿಯ ವಿಶ್ವೇಶ್ವರಯ್ಯ ಉಕ್ಕಿನ ಕಾರ್ಖಾನೆ ಮುಚ್ಚುವ ತೀರ್ಮಾನ ಹೊರಬಿದ್ದು ಗುತ್ತಿಗೆ ಕಾರ್ಮಿಕರು ಧರಣಿ ಕೂತಾಗ ತೆಗೆದ ನೂರಾರು ಮೊಬೈಲ್ ವಿಡಿಯೋಗಳೂ ಹೀಗೇ ಫೋನ್ ಬದಲಾಯಿಸುವಾಗ ಹೋಗಿಬಿಡುತ್ತವೆ.

ಇದು ಬಂಜರು ನೆಲವಲ್ಲ. ಇದೇ ಜಿಲ್ಲೆಯ ಹೆಗ್ಗೋಡಿನಲ್ಲಿ ಕೆ.ವಿ. ಸುಬ್ಬಣ್ಣನವರು 1973ರಲ್ಲಿ ನೀನಾಸಂ ಚಿತ್ರಸಮಾಜ ಕಟ್ಟಿ ಹಳ್ಳಿಗರಿಗೆ ಜಗತ್ತಿನ ಚಿತ್ರಗಳನ್ನು ತೋರಿಸಿದರು. ಇದೇ ಜಿಲ್ಲೆಯ ತೀರ್ಥಹಳ್ಳಿ ತಾಲೂಕಿನಿಂದ ಹೊರಟ ಗಿರೀಶ್ ಕಾಸರವಳ್ಳಿ ಮುಂದೆ ಬಾನು ಮುಷ್ತಾಕ್ ಅವರ 'ಕರಿನಾಗರಗಳು' ಕಥೆಯನ್ನು 'ಹಸೀನಾ' (2004) ಮಾಡಿದರು. ನೋಡುವ ಕಣ್ಣು ಇಲ್ಲಿ ಸಿದ್ಧವಾಗಿದೆ. ಜೋಡಿಸುವ ಕೈಗೆ ಅನ್ನವಿಲ್ಲ, ಅಷ್ಟೆ.

ಹಾಗಾದರೆ ಮಾಡಬೇಕಾದ್ದೇನು? ದೊಡ್ಡ ಯೋಜನೆಗಳನ್ನು ನಾನು ಕೇಳುವುದಿಲ್ಲ. ಸಾಕ್ಷ್ಯಚಿತ್ರಕ್ಕೆ ಹಣ ಕೊಡುವ ಯಾವುದೇ ಸಂಸ್ಥೆ, ಸರ್ಕಾರದ್ದಿರಲಿ, ಸಮುದಾಯದ್ದಿರಲಿ, ಚಳವಳಿಯದ್ದಿರಲಿ, ಸಂಕಲನದ ಹಣವನ್ನು ಮೊದಲೇ ಬೇರೆ ತೆಗೆದಿಡಬೇಕು. ಕ್ಯಾಮೆರಾ ಬಾಡಿಗೆಗೆ ಅದು ಕರಗಬಾರದು. ಒಪ್ಪಂದ ಒಂದೇ ಹಾಳೆಯದಾದರೂ ಸರಿ, ಬರಹದಲ್ಲಿರಬೇಕು: ಎಷ್ಟು ದಿನದ ಕೆಲಸ, ಎಷ್ಟು ಕೂಲಿ, ಎಷ್ಟು ಸಲ ತಿದ್ದುವುದು. ಪೋಸ್ಟರಿನಲ್ಲಿ, ಆಹ್ವಾನ ಪತ್ರಿಕೆಯಲ್ಲಿ ನಿರ್ದೇಶಕರ ಹೆಸರಿನ ಪಕ್ಕದಲ್ಲೇ ಸಂಕಲನಕಾರರ ಹೆಸರಿರಬೇಕು. ಚಿತ್ರ ಮುಗಿದ ಮೇಲೆ ಬಳಸದೆ ಉಳಿದ ದೃಶ್ಯಗಳನ್ನು, ಅವುಗಳಲ್ಲಿರುವ ಜನರ ಒಪ್ಪಿಗೆ ಪಡೆದು, ಒಂದು ಕಡೆ ಕಾದಿಡಬೇಕು. ಒಪ್ಪಿಗೆ ಎಂಬುದನ್ನು ಒತ್ತಿ ಹೇಳುತ್ತೇನೆ, ಏಕೆಂದರೆ ನಮ್ಮ ಕಾಲದಲ್ಲಿ ಒಂದು ಮುಖ ಪರದೆಯ ಮೇಲೆ ಬಂದರೆ ಆ ಮುಖದವನ ಮನೆಗೆ ಪೊಲೀಸರು ಬರುವುದೂ ಇದೆ. ಶಂಕರಘಟ್ಟದ ಕುವೆಂಪು ವಿಶ್ವವಿದ್ಯಾಲಯ ಭದ್ರಾವತಿಗೆ ಹತ್ತಿರದಲ್ಲೇ ಇದೆ, ಅಲ್ಲಿ ಪತ್ರಿಕೋದ್ಯಮ ವಿಭಾಗವೂ ಇದೆ. ಎರಡು ಕಾರ್ಖಾನೆಗಳ ಈ ಊರಿನ ಕ್ಯಾಸೆಟ್ಟು, ಹಾರ್ಡ್‌ಡಿಸ್ಕುಗಳನ್ನು ಸಂಗ್ರಹಿಸಿಡಲು ಅಲ್ಲಿ ಒಂದು ಕೋಣೆ ಕೇಳುವುದು ದುರಾಸೆಯಾಗಲಾರದು.

"ಅಷ್ಟು ಹಣ ನಮ್ಮಲ್ಲಿಲ್ಲ" ಎನ್ನುವವರಿಗೆ ನನ್ನ ಉತ್ತರ ಇದು: ಹಣವಿಲ್ಲದಿದ್ದರೆ ಚಿತ್ರವನ್ನು ಚಿಕ್ಕದಾಗಿ ಮಾಡಿ. ಒಂದು ಗಂಟೆಯ ಬದಲು ಇಪ್ಪತ್ತು ನಿಮಿಷದ್ದು ಮಾಡಿ. ಬಿಡುಗಡೆ ಸಮಾರಂಭದ ಹಾರ, ಶಾಲು, ಸ್ಮರಣಿಕೆಗಳನ್ನು ಬಿಡಿ. ಆದರೆ ಕಾರ್ಮಿಕರ ಶೋಷಣೆಯ ಬಗ್ಗೆ ಚಿತ್ರ ಮಾಡಿ, ಆ ಚಿತ್ರದ ಕಾರ್ಮಿಕನಿಗೇ ಕೂಲಿ ಕೊಡದೆ ಮನೆಗೆ ಹೋಗಬೇಡಿ. ಬೆವರು ಆರುವ ಮೊದಲು ಕೂಲಿ ಕೊಡಬೇಕು ಎಂಬುದನ್ನು ನಮ್ಮ ಮನೆಗಳಲ್ಲಿ ಎಳೆಯ ಮಕ್ಕಳಿಗೂ ಕಲಿಸುತ್ತೇವೆ. ಎಡಿಟಿಂಗ್ ಕೋಣೆಯಲ್ಲಿ ಎ.ಸಿ. ಇದೆಯೆಂದು ಅಲ್ಲಿ ಬೆವರೇ ಇಲ್ಲವೆಂದು ತಿಳಿಯಬಾರದು.

ಮುಂದಿನ ಸಲ ನಿಮ್ಮೂರಿನ ಸಭಾಂಗಣದಲ್ಲಿ ಸಾಕ್ಷ್ಯಚಿತ್ರವೊಂದು ಮುಗಿದು ದೀಪ ಹತ್ತಿದಾಗ, ಸಂವಾದಕ್ಕೆ ಮೈಕು ನಿಮ್ಮ ಕೈಗೆ ಬಂದಾಗ, ನಿರ್ದೇಶಕರಿಗೆ ಎರಡೇ ಪ್ರಶ್ನೆ ಕೇಳಿ: ಇದರ ಸಂಕಲನ ಮಾಡಿದವರು ಯಾರು, ಅವರ ಕೂಲಿ ಸಂದಿದೆಯೇ? ಉತ್ತರ ಬರುವವರೆಗೆ ಮೈಕು ವಾಪಸ್ ಕೊಡಬೇಡಿ.